ನೀರುಬಾಗಿಲು

ತೊಣ್ಣೂರಿಗೆ ಹೋಗಬೇಕಾಗಿದ್ದ ವ್ಯಾನು ರೈಲ್ವೆ ಸ್ಟೇಷನ್ನಿನ ರಸ್ತೆಗೆ ತಿರುಗಿಕೊಂಡಾಗ ಮಾಯ ಕಿಟಕಿಯ ಸರಳನ್ನು ಹಿಡಿದುಕೊಂಡಳು. ಮುಂದಿನ ಸೀಟಿನಲ್ಲಿ ಮೊಸರನ್ನದ ಡಬರಿಯನ್ನು ಕಾಲಸಂದಿಯಲ್ಲಿ ಇಟ್ಟುಕೊಂಡು ಕೂತಿದ್ದ ಹೆಡ್‌ಮಿಸ್ ಮಂಗಳಮ್ಮನವರು ಹಿಂದಕ್ಕೆ ತಿರುಗಿ, ‘ತೊಣ್ಣೂರು ಕೆರೆ ಎಲ್ಲಿಗೂ ಓಡಿಹೋಗಲ್ಲ ಕಣ್ರಮ್ಮ, ಪಟ್ಣಕ್ಕೇ ಹೋಗಿಬರೋಣ. ಇಷ್ಟು ಹತ್ತಿರ ಇದ್ಕೊಂಡು ಒಂದು ದಿನ ಗೈಡ್ ಇಟ್ಕೊಂಡು ಕೋಟೆ ನೋಡಿಲ್ಲ ಅಂದ್ರೆ ನಾಚ್ಕೆಗೇಡು’ ಅಂದರು. ಪರೀಕ್ಷೆಯ ಪೇಪರು ತಿದ್ದಿ ತಿದ್ದಿ ಸುಸ್ತಾಗಿದ್ದ ಪಾಂಡವಪುರದ ಕಾನ್ವೆಂಟಿನ ಮಿಸ್ಸುಗಳೆಲ್ಲ ಹೋ ಎಂದು ಚಪ್ಪಾಳೆ ತಟ್ಟಿದರು. ಮಾಯಳೂ ತಟ್ಟಿದಳು. ತಟ್ಟದೆ ಇದ್ದರೆ ಯಾಕೆ ಅಂತ ಯಾರಾದರೂ ಕೇಳುತ್ತಾರಲ್ಲ. ಪಕ್ಕದಲ್ಲಿದ್ದ ಲೆಕ್ಕದ ಮಿಸ್ ಮುಬೀನಾ ಮೊಣಕೈಯಲ್ಲಿ ತಿವಿದು, ‘ನಿಂಗೇನಮ್ಮ, ನಿಮ್ಮ ತಂದೆಯವರ ಇಲಾಖೇದೇ ಕೋಟೆ’ ಅಂದಳು. ಮಾಯ ನಕ್ಕಳು. ಆ ನಗು ಅವಳಿಗೆ ಈಗೀಗ ಚೆನ್ನಾಗಿ ಅಭ್ಯಾಸವಾಗಿತ್ತು, ಕರೆದರೆ ಬರುತ್ತಿತ್ತು.

ಕೆಲಸಕ್ಕೆ ಸೇರುವಾಗ ಹೆಡ್‌ಮಿಸ್ ಸುಮ್ಮನೆ ಮಾತಿಗೆ ಕೇಳಿದ್ದರು, ತಂದೆ ಏನ್ ಮಾಡ್ತಾರೆ ಅಂತ. ಗೈಡ್ ಅನ್ನುವ ಮಾತು ನಾಲಿಗೆಯ ತುದಿಯವರೆಗೂ ಬಂದಿತ್ತು ನಿಜ. ಅಷ್ಟರಲ್ಲಿ ಯಾವ ದೆವ್ವ ಹೊಕ್ಕಿತೋ, ‘ಪುರಾತತ್ವ ಇಲಾಖೇಲಿದ್ದಾರೆ’ ಅಂದುಬಿಟ್ಟಳು. ಅಪ್ಪ ಇರುವುದು ಕೋಟೆಯಲ್ಲಿ, ಕೋಟೆ ಇರುವುದು ಇಲಾಖೆಯಲ್ಲಿ, ಇದರಲ್ಲಿ ಸುಳ್ಳೇನು ಬಂತು ಎಂದು ಆವತ್ತು ರಾತ್ರಿ ತನಗೆ ತಾನೇ ವಾದ ಮಾಡಿ ಗೆದ್ದಳು. ಆದರೆ ಸುಳ್ಳು ಹಾಕಿದ ಕಡೆಯೇ ಬಿದ್ದಿರಲಿಲ್ಲ, ಬೆಳೆಯಿತು. ಇಲಾಖೆ ಅಂದರೆ ಆಫೀಸರ್ರಾ ಅಂದರು, ಹೂಂ ಅಂದಳು. ಜೀಪು ಕೊಟ್ಟಿರ್ತಾರೆ ಅಲ್ವಾ ಅಂದರು, ಅದಕ್ಕೂ ತಲೆಯಾಡಿಸಿದಳು. ಹೆಸರಿನ ಕಥೆಯೂ ಅಷ್ಟೆ. ಅಜ್ಜಿಯ ಹೆಸರಿಟ್ಟು ಮಾಯಮ್ಮ ಅಂತ ಕರೆದಿದ್ದರು ಮನೆಯಲ್ಲಿ. ಕಾಲೇಜಿಗೆ ಬರುವಷ್ಟರಲ್ಲಿ ಅದರ ಬಾಲ ಕತ್ತರಿಸಿ ಮಾಯಾ ಆಗಿದ್ದಳು. ಭಾನುವಾರ ಕೋಟೆಯ ಹತ್ತಿರದ ಗಂಜಾಂನ ಮನೆಗೆ ಹೋದರೆ ಅಪ್ಪ ಬಾಗಿಲಿನಿಂದಲೇ ‘ಬಂದ್ಯಾ ಮಾಯವ್ವ’ ಅನ್ನುವನು, ಅವಳು ಬೀದಿಯ ಎರಡೂ ಕಡೆ ನೋಡಿ ದಡಕ್ಕನೆ ಒಳಗೆ ಹೋಗುವಳು.

ಕಾವೇರಿಯ ಸೇತುವೆ ಬಂತು. ಹೊಳೆಯಲ್ಲಿ ಬಂಡೆಗಳೇ ಜಾಸ್ತಿ, ನೀರು ಅಲ್ಲಲ್ಲಿ. ಅಪ್ಪನಿಗೆ ಇವತ್ತು ಮೈ ಸರಿಯಿಲ್ಲದಿರಲಿ ಎಂದು ಬೇಡಿಕೊಂಡಳು. ಬೇಡಿಕೊಂಡಮೇಲೆ, ಥೂ, ಏನು ಬೇಡ್ತಾ ಇದ್ದೀನಿ ನಾನು, ಅಪ್ಪನಿಗೆ ಜ್ವರ ಬರಲಿ ಅಂತಲೇ ಎಂದು ಬೆಚ್ಚಿದಳು. ಆಮೇಲೆ ಅದನ್ನೇ ಕೊಂಚ ತಿದ್ದಿ, ಬರೀ ತಲೆನೋವಾಗಿರಲಿ ಅಂದುಕೊಂಡಳು. ದೇವಸ್ಥಾನದ ಮುಂದಿನ ಬಯಲಲ್ಲಿ ಗೈಡುಗಳು ಸರದಿಯ ಮೇಲೆ ನಿಲ್ಲುತ್ತಾರೆ. ಹುಣಸೆಮರದ ಕೆಳಗೆ ಕಲ್ಲುಚಪ್ಪಡಿ ಇದೆ, ಅದರ ಬಲತುದಿಯಲ್ಲಿ ಕೂತವನದು ಮುಂದಿನ ಪಾಳಿ, ಅವನು ಎದ್ದು ಹೋದರೆ ಎಲ್ಲರೂ ಒಂದೊಂದು ಜಾಗ ಸರಿಯುತ್ತಾರೆ. ಅಪ್ಪನಿಗೆ ಬುತ್ತಿ ತಂದುಕೊಡುವಾಗ ಮಾಯಮ್ಮ ಎಷ್ಟೋ ಸಲ ಆ ಕಲ್ಲಿನ ಮೇಲೆ ಕೂತು ಕಾಲಾಡಿಸಿದ್ದಾಳೆ. ವ್ಯಾನು ನಿಂತಾಗ ಅವಳು ನೋಡಿದ್ದು ಬಲತುದಿಯನ್ನೇ. ಅಲ್ಲಿ ಅಪ್ಪ ಬೋರಯ್ಯ ಕೂತಿದ್ದ. ಹೆಡ್‌ಮಿಸ್ ‘ಗೈಡ್ ಯಾರಪ್ಪಾ ಇಲ್ಲಿ’ ಅಂದದ್ದೇ ತಡ, ಬೀಡಿ ಬಿಸಾಕಿ, ಕೋಟಿನ ಗುಂಡಿ ಹಾಕಿಕೊಳ್ಳುತ್ತ ಓಡಿಬಂದ.

‘ವೆಲ್ಕಮ್ ವೆಲ್ಕಮ್, ಬನ್ನಿ ತಾಯಂದ್ರಾ, ಒಂದೇ ಗಳಿಗೇಲಿ ಇಡೀ ಪಟ್ಣ ತೋರ್ಸ್‌ಬುಡ್ತೀನಿ, ಕಾಲ್ ನೋಯ್ಬಾರ್ದು, ಕಿವಿ ತುಂಬ್ಬೇಕು, ಅಂಗೆ...’ ಅನ್ನುತ್ತಿದ್ದವನು ಮುಬೀನಾಳ ಹಿಂದೆ ಸೆರಗು ತಲೆಯ ಮೇಲೆ ಎಳೆದುಕೊಂಡು ನಿಂತಿದ್ದ ಮಗಳನ್ನು ಕಂಡ. ಮುಖ ಅರಳಿತು, ಬಾಯಿ ಅರ್ಧ ತೆರೆಯಿತು. ಮಾಯ ತಲೆಯಾಡಿಸಿದಳೋ, ಕಣ್ಣಲ್ಲಿ ಬೇಡ ಅಂದಳೋ, ಅವಳಿಗೇ ಗೊತ್ತಾಗಲಿಲ್ಲ. ಮುಖವನ್ನಂತೂ ಬೇರೆ ಕಡೆ ತಿರುಗಿಸಿದಳು. ಮತ್ತೆ ನೋಡುವಾಗ ಅಪ್ಪ ತಲೆಯ ಮೇಲಿನ ಖಾಕಿ ಟೋಪಿ ತೆಗೆದು ಮಡಚಿ ಜೇಬಿಗೆ ತುರುಕಿಕೊಳ್ಳುತ್ತಿದ್ದ. ಅದರ ಮುಂಭಾಗದಲ್ಲಿ ಕೆಂಪು ದಾರದಲ್ಲಿ ‘ಗೈಡ್’ ಎಂದು ಸೊಟ್ಟಸೊಟ್ಟಗೆ ಹೊಲಿದವಳು ಅವಳೇ, ಮಿಡ್ಲ್‌ಸ್ಕೂಲಿನ ಹೊಲಿಗೆ ಕ್ಲಾಸಿನಲ್ಲಿ. ಬಟ್ಟೆ ಹರಿದು ಟೋಪಿ ಬದಲಾದರೂ ಆ ತುಂಡನ್ನು ಕತ್ತರಿಸಿ ಹೊಸದಕ್ಕೆ ಹಾಕಿಸಿಕೊಳ್ಳುತ್ತಿದ್ದ. ಬೋಳುತಲೆಯ ಮೇಲೆ ಏಪ್ರಿಲ್ ಬಿಸಿಲು ಬಿತ್ತು.

ಅಪ್ಪನದೊಂದು ಪದ್ಧತಿ ಇತ್ತು, ಬೇರೆ ಯಾವ ಗೈಡಿಗೂ ಇರಲಿಲ್ಲ. ಹೊರಡುವ ಮೊದಲು ಎಲ್ಲರ ಊರು ಕೇಳುವನು, ಕೇಳಿ ಆ ಊರಿಗೊಂದು ಕೆಲಸ ಕೊಟ್ಟು ಕೋಟೆಯ ಕಥೆಯೊಳಗೆ ಸೇರಿಸಿಬಿಡುವನು. ಎಲ್ಲ ಅವನದೇ ಕಟ್ಟುಕಥೆ. ಹಾಗೆ ಮಾಡಿದರೆ ಜನ ಕಥೆಯನ್ನು ತಮ್ಮ ಮನೆಯದು ಅಂತ ಕೇಳುತ್ತಾರೆ ಅನ್ನುವನು. ‘ತಾಯಿ ಯಾವೂರಾಯ್ತು? ಸಿಂಧಘಟ್ಟವಾ! ಅಂಗನ್ನಿ ಮತ್ತೆ, ಈ ಕೋಟೆಗೆ ಕಲ್ಲೆಳ್ದ ಎತ್ತು ನಿಮ್ಮೂರಿನವೇ ಕಣವ್ವ.’ ಹೆಡ್‌ಮಿಸ್ ಖುಷಿಯಾದರು. ಡ್ರಿಲ್ ಮೇಷ್ಟ್ರು ರವೀಂದ್ರ ತಮ್ಮದು ನಾಗಮಂಗಲ ಅಂದರೆ, ‘ಬಾಗ್ಲು ಚಿಲ್ಕ ಉಯ್ದೋರು ನಿಮ್ ಕಡೆ ಆಚಾರ್ರು ಸಾ’ ಅಂದ. ಒಬ್ಬೊಬ್ಬರಾಗಿ ಮುಗಿದು ಸರದಿ ಅವಳಿಗೆ ಬಂತು. ಅಪ್ಪ ಅವಳ ಮುಖ ನೋಡಲಿಲ್ಲ, ಚಪ್ಪಲಿ ನೋಡಿಕೊಂಡು ಕೇಳಿದ: ‘ಈ ತಾಯಿ ಯಾವೂರು?’

‘ಮೈಸೂರು’ ಅಂದಳು ಮಾಯ.

ಅಪ್ಪ ಕೋಟಿನ ಮೇಲಿನ ಗುಂಡಿ ಬಿಚ್ಚಿ ಮತ್ತೆ ಹಾಕಿಕೊಂಡ. ಆಮೇಲೆ, ‘ಮೈಸೂರೋರು ಅಂದ್ರೆ ದೊಡ್ಡೋರು. ದೊಡ್ಡೋರ್ಗೆ ಈ ಕತೇಲಿ ಏನೂ ಕ್ಯಾಮೆ ಇಲ್ಲ, ಸುಮ್ನೆ ಕೇಳುದ್ರೆ ಸಾಕು’ ಅಂದ. ಎಲ್ಲರೂ ನಕ್ಕರು. ಅವಳೂ ನಕ್ಕಳು.

ನಡೆದರು. ಅಪ್ಪ ಮುಂದೆ, ಹೆಡ್‌ಮಿಸ್ ಅವನ ಬಲಕ್ಕೆ, ಮಾಯ ಎಲ್ಲರಿಗಿಂತ ಹಿಂದೆ. ಹಿಂದಿನಿಂದ ನೋಡಿದರೆ ಅಪ್ಪನ ಎಡಗಾಲು ಎಳೆಯುತ್ತಿತ್ತು. ಯಾವಾಗಿಂದ ಹೀಗೆ? ಭಾನುವಾರ ಭಾನುವಾರ ಮನೆಗೆ ಹೋಗುತ್ತೀನಲ್ಲ, ಅಪ್ಪ ಎದ್ದು ನಡೆದದ್ದನ್ನು ನಾನು ಕಂಡೇ ಇಲ್ಲವೆ? ‘ಪಾಪ ಕಣೆ, ಬರಿತಲೇಲಿ ಬಿಸಿಲಲ್ಲಿ...’ ಅಂದಳು ಮುಬೀನಾ. ಅವಳ ಕೈಯಲ್ಲಿ ಕೊಡೆ ಇತ್ತು. ಕೊಡು ಅವರಿಗೆ ಅನ್ನಬಹುದಾಗಿತ್ತು, ಪರಸ್ಥಳದವರೂ ಅನ್ನುವ ಮಾತು ಅದು. ಆದರೆ ಪರಸ್ಥಳದವಳಾದರೆ ಅನ್ನಬಹುದಾದ ಮಾತು ಮಗಳಾದ ಅವಳ ಬಾಯಲ್ಲಿ ಬರಲಿಲ್ಲ. ಹೈಸ್ಕೂಲಿನ ವಾರ್ಷಿಕೋತ್ಸವಕ್ಕೆ ಅಪ್ಪ ಇದೇ ಕೋಟು ಹಾಕಿಕೊಂಡು ಬಂದು, ಇವಳ ಮೇಷ್ಟ್ರುಗಳಿಗೆಲ್ಲ ವೆಲ್ಕಮ್ ವೆಲ್ಕಮ್ ಅಂತ ಕೈಮುಗಿದಿದ್ದ. ಮಾರನೆಯ ದಿನದಿಂದ ಹುಡುಗಿಯರು ಇವಳು ಕ್ಲಾಸಿಗೆ ಬಂದಾಗಲೆಲ್ಲ ವೆಲ್ಕಮ್ ವೆಲ್ಕಮ್ ಅನ್ನುತ್ತಿದ್ದರು. ಮನೆಗೆ ಬಂದು ಅಪ್ಪನ ಮೇಲೆ ಹಾರಾಡಿ, ನೀನು ನನ್ನ ಸ್ಕೂಲಿಗೆ ಯಾವತ್ತೂ ಬರಬೇಡ ಅಂದಿದ್ದಳು. ಅಪ್ಪ ಆಮೇಲೆ ಯಾವತ್ತೂ ಬರಲಿಲ್ಲ, ಕಾಲೇಜಿಗೂ ಬರಲಿಲ್ಲ, ಪಾಂಡವಪುರಕ್ಕಂತೂ ಬರಲೇ ಇಲ್ಲ. ಇವತ್ತು ಅವಳೇ ಅವನಿದ್ದಲ್ಲಿಗೆ ಬಂದಿದ್ದಳು, ಅದೂ ಮೈಸೂರಿನಿಂದ.

ಸೆರೆಮನೆ ಅಂತ ತೋರಿಸುವ ನೆಲಮಾಳಿಗೆಗೆ ಇಳಿಯುವ ಕಡೆ ಮುಖ್ತಾರ್ ಅಹಮದ್ ಚಿತ್ರದ ಕಾರ್ಡುಗಳನ್ನು ದಾರಕ್ಕೆ ನೇತುಹಾಕಿ ಮಾರುತ್ತಿದ್ದ. ಅಪ್ಪನ ಹಳೇ ಸ್ನೇಹಿತ, ಮೂಲೆ ಮುದುರಿದ ಕಾರ್ಡು ಎಲ್ಲ ಮಾಯಮ್ಮನಿಗೆ ಅಂತ ಎತ್ತಿಡುತ್ತಿದ್ದವನು. ‘ಅರೆ ಬೋರಣ್ಣ, ಟೋಪಿ ಎಲ್ಲೋಯ್ತು?’ ಅನ್ನುತ್ತ ಬಂದವನು ಇವಳನ್ನು ನೋಡಿ ಬಾಯ್ತುಂಬ ನಕ್ಕು, ‘ಯಾ ಅಲ್ಲಾ, ಇದು ನಮ್...’ ಅಂದ. ಮಾಯಳ ಕಾಲು ಅಲ್ಲೇ ನಿಂತವು. ಅಪ್ಪ ಎಲ್ಲಿದ್ದನೋ, ಅಡ್ಡ ಬಂದುಬಿಟ್ಟ. ‘ಲೇ ಮುಖ್ತಾರು, ಗಿರಾಕಿ ಕರ್ಕಂಡೋಗುವಾಗ ಅಡ್ಡ ಬರಬ್ಯಾಡ ಕಣ್ಲಾ. ಆಮ್ಯಾಕೆ ಬತ್ತೀನಿ ಸುಮ್ಕಿರು.’ ಮುಖ್ತಾರ್ ಅಪ್ಪನ ಮುಖ ನೋಡಿದ, ಇವಳ ಮುಖ ನೋಡಿದ. ಕಾರ್ಡುಗಳನ್ನು ಕೆಳಗಿಳಿಸಿ, ‘ಮಾಫ್ ಮಾಡಿ ಮೇಡಮ್. ನಮ್ಮೋರು ಯಾರೋ ಅಂದ್ಕಂಡೆ’ ಅಂದ. ಅವನು ಕೋಪದಿಂದ ಅಂದಿದ್ದರೆ ಎಷ್ಟೋ ವಾಸಿಯಿತ್ತು. ತುಂಬ ಮರ್ಯಾದೆಯಿಂದ ಅಂದ.

ಇಳಿಯುವ ಕಡೆ ಚಾವಣಿ ತಗ್ಗು. ಅಪ್ಪ ಪಕ್ಕಕ್ಕೆ ನಿಂತು ‘ತಲೆ ತಲೆ, ಉಷಾರು’ ಅನ್ನುತ್ತ ಕಲ್ಲಿನ ಅಂಚಿಗೆ ಅಂಗೈ ಒತ್ತಿ ಹಿಡಿದ. ಯಾರ ತಲೆಯಾದರೂ ತಗುಲಿದರೆ ಕಲ್ಲಿಗಲ್ಲ, ಕೈಗೆ ತಗುಲಲಿ ಎಂದು. ಚಿಕ್ಕವಳಿದ್ದಾಗ ಅವಳು ಬೇಕೆಂತಲೇ ನೆಗೆದು ಆ ಅಂಗೈಗೆ ತಲೆ ಡಿಕ್ಕಿ ಹೊಡೆಯುತ್ತಿದ್ದಳು. ‘ಅಯ್ಯೋ ನನ್ ಕೋಟೆ ಒಡೆದೋಯ್ತು’ ಅಂತ ಅಪ್ಪ ಕೂಗುವನು. ಇವತ್ತು ಅವಳು ಬೇಕಾದ್ದಕ್ಕಿಂತ ಹೆಚ್ಚು ಬಗ್ಗಿ, ಕೂದಲೂ ಸೋಕದ ಹಾಗೆ ನುಸುಳಿದಳು. ಅಂಗೈ ಅಲ್ಲೇ ಇತ್ತು. ಅವಳು ದಾಟಿ ಹೋದಮೇಲೂ ಕೊಂಚ ಹೊತ್ತು ಅಲ್ಲೇ ಇತ್ತು. ಒಳಗೆ ಅಪ್ಪ ಏನೇನೋ ಹೇಳಿದ. ಯಾವಾಗಲೂ ಈ ಜಾಗದಲ್ಲಿ ಜನರನ್ನು ಅಳಿಸಿ ನಗಿಸುತ್ತಿದ್ದವನು ಇವತ್ತು ಪಾಠ ಒಪ್ಪಿಸುವ ಮಗುವಿನಂತೆ ಒಂದೇ ಸಮನೆ ಹೇಳಿ ಮುಗಿಸಿದ. ಹೆಡ್‌ಮಿಸ್ ಆಕಳಿಸಿದರು. ರವೀಂದ್ರ ಮೇಷ್ಟ್ರು, ‘ಇಷ್ಟಕ್ಕೆ ಗೈಡ್ ಯಾಕೆ, ಬೋರ್ಡೇ ಓದ್ಕೋಬೋದಿತ್ತು’ ಅಂದರು. ಮಾಯಳಿಗೆ ಸಿಟ್ಟು ಬಂತು. ಮೇಷ್ಟ್ರ ಮೇಲಲ್ಲ, ಅಪ್ಪನ ಮೇಲೆ. ಚೆನ್ನಾಗಿ ಹೇಳಬಾರದಾ, ನಿನಗೆ ಬರುತ್ತಲ್ಲ, ಇವರ ಮುಂದೆ ಯಾಕೆ ಹೀಗೆ ತೊದಲುತ್ತೀಯ ಎಂದು ಒಳಗೇ ಗದರಿಕೊಂಡಳು. ತೊದಲಿಸಿದವಳು ಯಾರು ಅನ್ನುವುದು ನೆನಪಾದಾಗ ಕಿವಿ ಕಾದವು.

ಇನ್ನು ಉಳಿದಿದ್ದು ನೀರುಬಾಗಿಲು. ಕೋಟೆಯ ಗೋಡೆಯನ್ನು ತೂರಿಕೊಂಡು ಹೊಳೆಯ ಕಡೆಗೆ ಹೋಗುವ ಕತ್ತಲು ದಾರಿ ಅದು. ‘ಹರಿಗೋಲಲ್ಲಿ ಸಾಮಾನು ಬಂದು ಇಳೀತಿತ್ತು ಕಣವ್ವ, ಆ ಕಾಲುಕ್ಕೆ ಇದೇ ನಮ್ ಬಂದರು, ಮುಂಬೈ ಮಂಗ್ಳೂರೆಲ್ಲ ಆಮ್ಯಾಕೆ’ ಎಂದು ಅಪ್ಪ ಶುರುಮಾಡುತ್ತಿದ್ದ. ಅಲ್ಲಿಂದ ಮುಂದಿನದೇ ಅವನಿಗೆ ಹೆಸರು ತಂದುಕೊಟ್ಟ ಕಥೆ. ಜನರನ್ನೆಲ್ಲ ಕತ್ತಲೊಳಗೆ ಬಿಟ್ಟು ತಾನು ಬಾಗಿಲ ಹತ್ತಿರ ನಿಲ್ಲುವನು. ಸುಲ್ತಾನ ಕಾದಾಡುತ್ತ ಗಾಯವಾಗಿ ಬರುತ್ತಾನೆ, ಒಳಗೆ ಬಂದರೆ ಉಳಿದ, ಕೈ ಚಾಚಿದರೆ ಬಾಗಿಲು, ಅನ್ನುವಷ್ಟರಲ್ಲಿ ಎರಡೂ ಅಂಗೈಯನ್ನು ಎತ್ತಿ ‘ಧಡಾರ್’ ಅಂತ ಬಡಿಯುವನು. ಆ ಸದ್ದಿಗೆ ಗಂಡಸರೂ ಬೆಚ್ಚುವರು. ಬಾವಲಿಗಳು ಹಾರುವವು. ಆಮೇಲೆ ದನಿ ಇಳಿಸಿ ಕೇಳುವನು: ‘ಬಾಗ್ಲು ಆಕ್ದೋರ್ಯಾರು? ಹಗೆಗಳಲ್ಲ ತಾಯಿ. ಮನೆಯೋರೇ. ಅವ್ನ ಕೈಲಿ ಅನ್ನ ಉಂಡೋರೇ.’ ಸಾವಿರ ಸಲ ಕೇಳಿದ್ದ ಮಾಯಮ್ಮ ಪ್ರತಿಸಲವೂ ಅಳುತ್ತಿದ್ದಳು. ಈಗ ಆ ಕತ್ತಲೊಳಗೆ ಎಲ್ಲರ ಜೊತೆ ನಿಂತು, ತಣ್ಣನೆ ಗೋಡೆಗೆ ಬೆನ್ನುಕೊಟ್ಟು ಆ ಸದ್ದಿಗಾಗಿ ಕಾದಳು. ಹೇಳಲಿ. ಹೇಳಿಬಿಡಲಿ. ಎಲ್ಲರ ಮುಂದೆ ನನ್ನ ಮುಖಕ್ಕೆ ಉಗಿದ ಹಾಗೆ ಹೇಳಲಿ, ನನಗೆ ಅದೇ ಸರಿ.

‘ಸುಲ್ತಾನ್ರು ಇಲ್ಲಿಗಂಟ ಬಂದ್ರು’ ಅಂದ ಅಪ್ಪ. ಅವನ ಕೈಗಳು ಅರ್ಧಕ್ಕೆ ಎದ್ದವು, ಅಲ್ಲೇ ನಿಂತವು, ಕೋಟಿನ ಜೇಬಿನೊಳಕ್ಕೆ ಹೋದವು. ‘ಅಷ್ಟೊತ್ಗೆ ಬಾಗ್ಲು ಮುಚ್ಕತ್ತು. ಗಾಳಿ ಇತ್ತೇನೋ. ಇಲ್ಲೇ ಒಸಿ ಆ ಕಡೆ ಬಿದ್ರು. ಅಷ್ಟೇ ಕಣ್ರವ್ವ. ಬನ್ನಿ.’

‘ಗಾಳಿಗಾ?’ ಹೆಡ್‌ಮಿಸ್ ಬಿಡಲಿಲ್ಲ. ‘ಒಳಗಿನವರೇ ಮೋಸ ಮಾಡಿ ಹಾಕಿದ್ರು ಅಂತ ನಾನು ಹುಟ್ಟಿದಾಗಿಂದ ಕೇಳಿದ್ದೀನಿ. ಏನ್ರೀ ಗೈಡ್ ನೀವು?’

‘ಅಂಗೂ ಅಂತಾರೆ ತಾಯಿ. ಯಾರ್ ಕಂಡೋರು? ಆಕಿದ್ರೂ ಆಕಿರ್ಬೋದು. ಅವ್ರಿಗೆ ಏನ್ ಭಯ ಇತ್ತೋ, ಯಾವ ಕಷ್ಟ ಇತ್ತೋ. ಸುಮ್ನೆ ಬೈಯೋದ್ಯಾಕೆ ಬುಡಿ.’

ಅಪ್ಪ ಇದನ್ನು ಹೆಡ್‌ಮಿಸ್ಸಿಗೆ ಹೇಳುತ್ತಿಲ್ಲ. ಬೈದಿದ್ದರೆ ಮಾಯ ತಡೆದುಕೊಳ್ಳುತ್ತಿದ್ದಳು, ಇದನ್ನು ತಡೆದುಕೊಳ್ಳುವುದು ಹೇಗೆ ಅಂತ ತಿಳಿಯಲಿಲ್ಲ. ಹೆಡ್‌ಮಿಸ್ಸಿಗೆ ಮಾತ್ರ ಸಿಟ್ಟು ನೆತ್ತಿಗೇರಿತು. ದಾರಿಯ ಆ ತುದಿಯಲ್ಲಿ ಇನ್ನೊಂದು ಗುಂಪು ಕರೆತಂದಿದ್ದ ಬೇರೆ ಗೈಡು ಕಿವಿಗೊಟ್ಟು ನಿಂತಿದ್ದ, ಅವನ ಎದುರಿಗೇ ದನಿ ಏರಿಸಿದರು. ‘ತಲೆ ಮೇಲೆ ಒಂದು ಟೋಪಿ ಇಲ್ಲ, ಕಥೆ ಗೊತ್ತಿಲ್ಲ. ಇಂಥವರನ್ನೆಲ್ಲ ಯಾರು ಒಳಗೆ ಬಿಡ್ತಾರೋ. ಮಾಯಾ ಮಿಸ್, ಇವರ ಹೆಸರು ಕೇಳ್ಕೊಳ್ಳಿ. ನಿಮ್ಮ ತಂದೆಯವರಿಗೆ ಹೇಳಿ ಮೊದಲು ಇವರನ್ನ ಇಲ್ಲಿಂದ ಬಿಡಿಸಬೇಕು.’ ಆಮೇಲೆ ಅಪ್ಪನ ಕಡೆ ತಿರುಗಿ, ‘ಗೊತ್ತೇನ್ರೀ? ಇವರ ತಂದೆ ಪುರಾತತ್ವ ಇಲಾಖೇಲಿ ದೊಡ್ಡ ಆಫೀಸರ್ರು. ಓಡಾಡೋಕೆ ಜೀಪು ಕೊಟ್ಟಿದಾರೆ’ ಅಂದರು.

ಆಗ ಅಪ್ಪ ಮೊದಲನೆಯ ಸಲ ಅವಳನ್ನು ನೇರವಾಗಿ ನೋಡಿದ. ಹೊಳೆಯ ಕಡೆಯ ಬೆಳಕು ಅವನ ಅರ್ಧ ಮುಖದ ಮೇಲಿತ್ತು. ‘ಜೀಪಾ?’ ಅಂದ. ಅದು ಅಣಕವಲ್ಲ. ನಿಜವಾಗಿಯೂ, ಮಗಳ ಮನಸ್ಸಿನಲ್ಲಿ ತನಗೊಂದು ಜೀಪು ಇದ್ದದ್ದು ಇವತ್ತು ಗೊತ್ತಾದವನ ಹಾಗೆ ಕೇಳಿದ. ಆಮೇಲೆ ಕೈಮುಗಿದ, ಅವಳಿಗೆ. ‘ತಪ್ಪಾಯ್ತು ತಾಯಿ. ತಂದೆಯವ್ರಿಗೆ ಯೋಳಿ, ಬೋರಯ್ಯ ಅಂತವ್ನೆ, ವಯಸ್ಸಾಯ್ತು, ಕತೆ ಮರ್ತೋಯ್ತದೆ ಅಂತ.’

ಮುಗಿದ ಕೈಗಳು ಬಿಡಿಸಿಕೊಳ್ಳುವ ಮೊದಲೇ ಮಾಯಳ ಕೈಗಳು ಎದ್ದವು. ಅವಳು ಎತ್ತಲಿಲ್ಲ, ಎದ್ದವು. ‘ಧಡಾರ್!’ ಬಾವಲಿಗಳು ತಲೆಯ ಮೇಲಿಂದ ಹಾರಿದವು, ಮುಬೀನಾ ಕಿಟಾರನೆ ಕಿರುಚಿದಳು. ‘ಬಾಗ್ಲು ಆಕ್ದೋರ್ಯಾರು?’ ಅಂದಳು ಮಾಯ. ಕಾನ್ವೆಂಟಿನಲ್ಲಿ ಯಾರೂ ಕೇಳಿರದ ದನಿ, ಗಂಜಾಂ ಬೀದಿಯ ದನಿ ಅದು. ‘ಹಗೆಗಳಲ್ಲ ತಾಯಿ. ಮನೆಯೋರೇ. ಅವ್ನ ಕೈಲಿ ಅನ್ನ ಉಂಡೋರೇ.’ ಎಲ್ಲರೂ ಅವಳನ್ನೇ ನೋಡಿದರು. ಹೆಡ್‌ಮಿಸ್ ಮೆಚ್ಚಿಕೊಂಡು, ‘ನೋಡಿ, ಹೀಗೆ ಹೇಳ್ಬೇಕು ಕಥೆ ಅಂದ್ರೆ! ಯಾರು ಹೇಳ್ಕೊಟ್ರು ಮಾಯಾ?’ ಅಂದರು. ‘ನಮ್ಮಪ್ಪ’ ಅಂದಳು. ಕೈ ಚಾಚಿ ತೋರಿಸಿದಳು. ‘ಇವ್ರೇ ಮಿಸ್. ಇವ್ರೇ ನಮ್ಮಪ್ಪ.’

ಬಾವಲಿಗಳು ಮತ್ತೆ ಬಂದು ಕೂರುವ ಸದ್ದಷ್ಟೇ ಕೇಳುತ್ತಿತ್ತು. ಅಪ್ಪ ಹಿಂದೆ ಯಾರಾದರೂ ಇದ್ದಾರೇನೋ ಎಂಬಂತೆ ತಿರುಗಿ ನೋಡಿದ. ‘ಯಾರವ್ವ, ನಾನಾ?’ ಅಂದು ನಕ್ಕ. ಗಿರಾಕಿಗಳ ಮುಂದೆ ನಗುವ ನಗು ಅದು, ಕರೆದರೆ ಬರುವಂಥದ್ದು. ‘ಬಿಸ್ಲು ಕಣ್ರವ್ವ, ಮಗೀಗೆ ತಲೆ ಸುತ್ಕಂಡದೆ. ಬಿಸ್ಲಿಂದ ಈ ಕತ್ಲೊಳಕೆ ಬಂದ್ರೆ ಸುಮಾರು ಜನುಕ್ಕೆ ಇಂಗಾಯ್ತದೆ. ಒಸಿ ನೀರ್ ಕುಡ್ಸಿ, ಮೊಕ ತೊಳ್ಸಿ. ನಂಗೆಲ್ಲಿ ಮಗ್ಳು? ನಂಗೆ ಹೆಣ್ಮಕ್ಕಳೇ ಇಲ್ಲ.’ ಹೆಡ್‌ಮಿಸ್ ದೊಡ್ಡ ಉಸಿರು ಬಿಟ್ಟು, ‘ಅಯ್ಯೋ, ಬೆಳಗ್ಗೆ ತಿಂಡೀನೂ ಸರಿಯಾಗಿ ತಿಂದಿಲ್ಲ ಈ ಹುಡುಗಿ’ ಅಂದು ಭುಜ ಹಿಡಿದರು. ಅಲ್ಲ ಅನ್ನಬೇಕಾಗಿತ್ತು. ಹೋಗಿ ಅವನ ಕೈ ಹಿಡಿದು, ಜೇಬಿನ ಟೋಪಿ ಎಳೆದು ತೆಗೆದು, ಇದು ನಾನು ಹೊಲಿದದ್ದು ನೋಡಿ ಅನ್ನಬೇಕಾಗಿತ್ತು. ಎಲ್ಲ ಗೊತ್ತಿತ್ತು ಅವಳಿಗೆ. ಆದರೆ ಹೆಣ್ಮಕ್ಕಳೇ ಇಲ್ಲ ಅಂತ ಅಪ್ಪ ಅಂದ ಆ ಗಳಿಗೆಯಲ್ಲಿ, ಸಂಕಟಕ್ಕೂ ಮೊದಲು, ಅವಳ ಮೈಯೊಳಗೆ ಹಾಯೆನ್ನುವಂಥದ್ದೊಂದು ಹರಿದುಹೋಯಿತು. ಉಳಿದೆ ಅನಿಸಿತು. ಅದು ಅವಳಿಗೆ ಅನಿಸಿತು, ಬೇರೆ ಯಾರಿಗೂ ಅಲ್ಲ. ಅದಾದ ಮೇಲೆ ಬಾಯಿ ತೆರೆಯುವ ಯೋಗ್ಯತೆ ತನಗಿಲ್ಲವೆಂದು ಸುಮ್ಮನಾದಳು. ಅಪ್ಪ ಎಲ್ಲರಿಗೂ ಕೈಮುಗಿದು, ಕಾಲೆಳೆಯುತ್ತ ಬಿಸಿಲಿಗೆ ಹೋದ.

ಹೊಳೆಯ ದಂಡೆಯ ಅರಳಿಮರದ ಕೆಳಗೆ ಡಬರಿ ಬಿಚ್ಚಿದರು. ಮುಬೀನಾ ಇವಳ ಹಣೆಗೆ ಒದ್ದೆ ಕರ್ಚೀಫು ಒತ್ತಿ, ಎಲೆ ಮುಂದಿಟ್ಟು, ಅನ್ನ ಬಡಿಸಿದಳು. ಏನೋ ಕೇಳಬೇಕೆಂದಿದ್ದಳೇನೋ, ಮುಖ ನೋಡಿ ಕೇಳದೆ ಬಿಟ್ಟಳು. ರವೀಂದ್ರ ಮೇಷ್ಟ್ರು ‘ಧಡಾರ್’ ಅಂತ ಅನುಕರಣೆ ಮಾಡಿ ನಗಿಸುತ್ತಿದ್ದರು. ಮಾಯ ಎಲೆಯ ಮೇಲಿನ ಅನ್ನವನ್ನು ಕಲಸುತ್ತಲೇ ಇದ್ದಳು. ಆಗ ಕೋಟೆಯ ಗೋಡೆಯ ಕಡೆಯಿಂದ ಆ ದನಿ ಕೇಳಿಸಿತು. ಸರದಿ ಸುತ್ತಿ ಮತ್ತೆ ಅವನಿಗೆ ಬಂದಿರಬೇಕು. ಹೊಸ ಗುಂಪೊಂದು ನೀರುಬಾಗಿಲಿನ ಬಾಯಲ್ಲಿ ನಿಂತಿತ್ತು, ಯಾವ ಊರಿನವರೋ ಏನೋ. ಅಪ್ಪನ ತಲೆಯ ಮೇಲೆ ಟೋಪಿ ಇತ್ತು. ಆ ಕೆಂಪು ದಾರ ಇಷ್ಟು ದೂರಕ್ಕೆ ಕಾಣುವುದಿಲ್ಲ, ಆದರೂ ಅವಳಿಗೆ ಕಂಡಿತು. ಹರಿಗೋಲು, ಬಂದರು, ಎತ್ತು, ಚಿಲಕ, ಎಲ್ಲ ಮೊದಲಿನ ಹುರುಪಿನಲ್ಲೇ ಹೇಳುತ್ತಿದ್ದ. ಗುಂಪು ಒಳಗೆ ಹೋಯಿತು, ಹಿಂದೆ ಅವನೂ ಹೋದ.

‘ಧಡಾರ್!’

ಕೈಯಲ್ಲಿದ್ದ ತುತ್ತು ಮಡಿಲಿಗೆ ಬಿತ್ತು. ಬಾಗ್ಲು ಆಕ್ದೋರ್ಯಾರು ಎಂದು ಅಪ್ಪ ಒಳಗೆ ಕೇಳುತ್ತಿದ್ದ. ಆ ಗುಂಪಿನಲ್ಲಿ ಯಾರಿಗೂ ಗೊತ್ತಿರಲಿಲ್ಲ.